ಆಂತೊನಿಯೆತಾ ದೆ ಬಾರೋಸ್: ಪದೇ ಪದೇ ಕೇಳುವ ಪ್ರಶ್ನೆಗಳು

ಆಂತೊನಿಯೆತಾ ದೆ ಬಾರೋಸ್ ಯಾರು?

ಬ್ರೆಜಿಲ್ ದೇಶದ ದಕ್ಷಿಣದಲ್ಲಿರುವ ಸಾಂತಾ ಕತರೀನಾ ರಾಜ್ಯದ ಶಿಕ್ಷಕಿ, ಪತ್ರಕರ್ತೆ, ಶಾಸಕಿ. ಗುಲಾಮಗಿರಿಯಿಂದ ಬಿಡುಗಡೆಯಾದ ತಾಯಿಯ ಮಗಳು. 21ನೇ ವಯಸ್ಸಿಗೇ ಸ್ವಂತ ಶಾಲೆ ತೆರೆದರು, ಪತ್ರಿಕೆ ನಡೆಸಿದರು. ಬ್ರೆಜಿಲ್‌ನಲ್ಲಿ ಹೆಣ್ಣುಮಕ್ಕಳಿಗೆ ಮತದಾನದ ಹಕ್ಕು ಸಿಕ್ಕ ಎರಡೇ ವರ್ಷಕ್ಕೆ ರಾಜ್ಯ ಶಾಸನಸಭೆಗೆ ಸ್ಪರ್ಧಿಸಿ ಒಳಗೆ ಹೋದರು. ಅಲ್ಲಿನ ಶಾಲೆಗಳು ಪ್ರತಿವರ್ಷ ಅಕ್ಟೋಬರ್ 15ರಂದು ಆಚರಿಸುವ ಶಿಕ್ಷಕರ ದಿನಕ್ಕೆ ಮೊದಲು ಕಾನೂನಿನ ರೂಪ ಕೊಟ್ಟವರಲ್ಲಿ ಅವರ ಹೆಸರು ಮುಖ್ಯವಾದದ್ದು.

ಹುಟ್ಟಿದ್ದು ಎಲ್ಲಿ? ಮನೆತನ ಎಂಥದ್ದು?

1901ರ ಜುಲೈ 11ರಂದು ಫ್ಲೋರಿಯಾನೊಪೊಲಿಸ್ ನಗರದಲ್ಲಿ. ಇದು ಸಾಂತಾ ಕತರೀನಾ ದ್ವೀಪದ ಮೇಲಿರುವ ರಾಜಧಾನಿ. 1926ರ ಮೇ ತಿಂಗಳಲ್ಲಿ ಹೆರ್ಸಿಲಿಯೊ ಲೂಸ್ ತೂಗುಸೇತುವೆ ತೆರೆಯುವ ತನಕ ಮುಖ್ಯ ಭೂಭಾಗಕ್ಕೆ ಹೋಗಬೇಕಾದರೆ ದೋಣಿಯೇ ಗತಿ.

ತಾಯಿ ಕತರೀನಾ ಬಟ್ಟೆ ಒಗೆಯುವ ಕೆಲಸ ಮಾಡುತ್ತಿದ್ದರು. ತಂದೆ ರೊಡೊಲ್ಫೊ ತೋಟಗಾರ. ಮಗಳು ಚಿಕ್ಕವಳಿದ್ದಾಗಲೇ ತೀರಿಕೊಂಡರು. ಬ್ರೆಜಿಲ್‌ನಲ್ಲಿ ಗುಲಾಮಗಿರಿ ರದ್ದಾದದ್ದು 1888ರ ಮೇ 13ರಂದು, ಅಮೆರಿಕ ಖಂಡದ ದೇಶಗಳಲ್ಲೆಲ್ಲ ಕೊನೆಯದಾಗಿ. ಹಾಗಾಗಿ ಆಂತೊನಿಯೆತಾ ಹುಟ್ಟುವಾಗ ಆ ವ್ಯವಸ್ಥೆ ಸತ್ತು 13 ವರ್ಷ ಮಾತ್ರ ಆಗಿತ್ತು. ಬಿಡುಗಡೆಯಾದವರಿಗೆ ಸರ್ಕಾರ ಭೂಮಿ ಕೊಡಲಿಲ್ಲ, ಪರಿಹಾರ ಕೊಡಲಿಲ್ಲ, ಶಾಲೆಯನ್ನೂ ಕಟ್ಟಿಸಲಿಲ್ಲ. ಹೆಂಗಸರಿಗೆ ಉಳಿದದ್ದು ಬಟ್ಟೆ ಒಗೆಯುವುದು, ಅಡುಗೆ, ಮಕ್ಕಳನ್ನು ನೋಡಿಕೊಳ್ಳುವುದು. ಅದೇ ಮನೆಗಳಲ್ಲಿ, ಅದೇ ಕೆಲಸ, ಪುಡಿಗಾಸಿಗೆ.

ಅಂಥ ಮನೆಯಿಂದ ಬಂದವರು ಓದಿದ್ದು ಹೇಗೆ?

ತಾಯಿ ವಿದ್ಯಾರ್ಥಿಗಳಿಗೆ ಊಟ ವಸತಿ ಕೊಡುವ ಮನೆಯನ್ನೂ ನಡೆಸುತ್ತಿದ್ದರು. ಬಾಡಿಗೆಗೆ ಇದ್ದ ಆ ವಿದ್ಯಾರ್ಥಿಗಳ ನಡುವೆಯೇ ಆಂತೊನಿಯೆತಾಗೆ ಅಕ್ಷರದ ಪರಿಚಯವಾಯಿತು. ಆಮೇಲೆ ಲಾವ್ರೊ ಮುಲ್ಲೆರ್ ಹೆಸರಿನ ಸರ್ಕಾರಿ ಪ್ರಾಥಮಿಕ ಶಾಲೆ. 1910ರ ದಶಕದ ಆರಂಭದಲ್ಲಿ ರಾಜ್ಯಪಾಲ ವಿದಾಲ್ ರಾಮೋಸ್ ಶಾಲಾ ಸುಧಾರಣೆ ತಂದಾಗ ಎದ್ದುನಿಂತ ಹೊಸ ಮಾದರಿಯ ಶಾಲೆಗಳಲ್ಲಿ ಇದೂ ಒಂದು: ತರಗತಿಗೊಂದು ಕೋಣೆ, ಕೋಣೆಗೊಬ್ಬ ಶಿಕ್ಷಕಿ, ವರ್ಷದ ಕೊನೆಗೆ ಪರೀಕ್ಷೆ. ನಂತರ ಪ್ರಾಥಮಿಕ ಶಿಕ್ಷಕರನ್ನು ತಯಾರು ಮಾಡುವ ಎಸ್ಕೋಲಾ ನೊರ್ಮಾಲ್ ಸೇರಿ 1921ರಲ್ಲಿ ಓದು ಮುಗಿಸಿದರು. ನಮ್ಮ ಟಿಸಿಎಚ್ ಓದಿದವರಿಗೆ ಇದು ಎಂಥ ಕೋರ್ಸ್ ಎಂದು ಬಿಡಿಸಿ ಹೇಳಬೇಕಿಲ್ಲ. ಬಡಮನೆಯ ಹೆಣ್ಣುಮಗಳೊಬ್ಬಳು ಸಂಬಳದ ಕೆಲಸಕ್ಕೆ, ಅದರಲ್ಲೂ ಮರ್ಯಾದೆಯ ಕೆಲಸಕ್ಕೆ, ಹೋಗಲು ಆಗ ಇದ್ದ ದಾರಿ ಬಹುಮಟ್ಟಿಗೆ ಇದೊಂದೇ.

ಅಕ್ಷರ ಕಲಿಸುವುದನ್ನು ಸಾಮಾಜಿಕ ನ್ಯಾಯದ ಹೋರಾಟ ಎಂದು ಯಾಕೆ ಕರೆಯುತ್ತಾರೆ? ಎಲ್ಲ ಶಿಕ್ಷಕರೂ ಮಾಡುವುದು ಅದೇ ಅಲ್ಲವೇ?

ಇಡೀ ಪುಟದಲ್ಲಿ ಒಂದೇ ಉತ್ತರ ಓದುವಷ್ಟು ಪುರುಸೊತ್ತಿದ್ದರೆ ಇದನ್ನು ಓದಿ.

ಬ್ರೆಜಿಲ್‌ನಲ್ಲಿ ಓದು ಬರಹ ಬಾರದವರಿಗೆ ಮತ ಹಾಕುವ ಹಕ್ಕು ಇರಲಿಲ್ಲ. 1881ರ ಚುನಾವಣಾ ಕಾನೂನು ಈ ಬಾಗಿಲು ಹಾಕಿತು. ಅದರ ಪರಿಣಾಮ 1886ರ ಚುನಾವಣೆಯಲ್ಲೇ ಕಾಣುತ್ತದೆ: ಮತ ಹಾಕಿದವರು ಸುಮಾರು 1,17,000 ಜನ, ಅಂದರೆ ಒಟ್ಟು ಜನಸಂಖ್ಯೆಯಲ್ಲಿ ನೂರಕ್ಕೆ ಒಬ್ಬರೂ ಇಲ್ಲ. ಎರಡು ವರ್ಷದ ನಂತರ ಗುಲಾಮಗಿರಿ ಹೋಯಿತು, ಮರುವರ್ಷ ರಾಜಪ್ರಭುತ್ವವೂ ಹೋಯಿತು. ಈ ಷರತ್ತು ಮಾತ್ರ ಅಲುಗಲಿಲ್ಲ. 1891ರ ಗಣರಾಜ್ಯದ ಸಂವಿಧಾನದಲ್ಲೂ ಇತ್ತು, 1934ರದ್ದರಲ್ಲೂ ಇತ್ತು. ಕೊನೆಗೆ ಅದು ತೆಗೆದುಹಾಕಲ್ಪಟ್ಟದ್ದು 1985ರಲ್ಲಿ, ಆಂತೊನಿಯೆತಾ ತೀರಿಕೊಂಡು 33 ವರ್ಷಗಳಾದ ಮೇಲೆ.

ಇದರ ಹಿಕಮತ್ತು ಗಮನಿಸಿ. ಕಾನೂನಿನಲ್ಲಿ ಎಲ್ಲೂ ಬಣ್ಣದ ಮಾತಿಲ್ಲ. ‘ಕಪ್ಪು ಜನ ಮತ ಹಾಕಬಾರದು’ ಎಂದು ಯಾರೂ ಬರೆಯಲಿಲ್ಲ. ಗುಲಾಮರಾಗಿದ್ದವರಿಗೆ, ಅವರ ಮಕ್ಕಳಿಗೆ ಶಾಲೆ ಸಿಗದಂತೆ ನೋಡಿಕೊಂಡು, ಆಮೇಲೆ ‘ಓದಲು ಬಾರದವರಿಗೆ ಮತ ಇಲ್ಲ’ ಎಂದರೆ ಸಾಕಾಯಿತು. 1920ರ ಜನಗಣತಿಯ ಹೊತ್ತಿಗೆ 15 ವರ್ಷ ಮೇಲ್ಪಟ್ಟ ಬ್ರೆಜಿಲಿಯನ್ನರಲ್ಲಿ ಸುಮಾರು ಶೇ. 65ರಷ್ಟು ಜನರಿಗೆ ಓದು ಬರಹ ಬರುತ್ತಿರಲಿಲ್ಲ.

ಇಂಥ ಕಡೆ ಒಬ್ಬ ಅಗಸಗಿತ್ತಿಗೆ, ಒಬ್ಬ ಬಂದರು ಕೂಲಿಗೆ ಓದಲು ಕಲಿಸಿದರೆ ಮತದಾರರ ಪಟ್ಟಿಗೆ ಒಂದು ಹೆಸರು ಸೇರಿದ ಹಾಗೆ. ಆದ್ದರಿಂದಲೇ ಆಂತೊನಿಯೆತಾ ನಡೆಸಿದ ಅಕ್ಷರ ತರಗತಿಯನ್ನು ದಾನಧರ್ಮದ ಲೆಕ್ಕಕ್ಕೆ ಹಾಕುವುದು ತಪ್ಪು. ಅವರ ಪತ್ರಿಕೆ, ಪುಸ್ತಕ, ಶಾಸನಸಭೆಯ ಕೆಲಸ ಎಲ್ಲವೂ ಈ ಒಂದು ಬೇರಿನಿಂದ ಹೊರಟವು.

1922ರಲ್ಲಿ ಅವರು ತೆರೆದ ಶಾಲೆ ಎಂಥದ್ದು?

ಹೆಸರು ‘ಕುರ್ಸೊ ಪರ್ಚಿಕುಲಾರ್ ಆಂತೊನಿಯೆತಾ ದೆ ಬಾರೋಸ್’, ಅಂದರೆ ಆಂತೊನಿಯೆತಾ ಅವರ ಖಾಸಗಿ ಪಾಠಶಾಲೆ. ನಗರದ ಫೆರ್ನಾಂದೊ ಮಷಾದೊ ಬೀದಿಯಲ್ಲಿ ತಮ್ಮ ಮನೆಯಲ್ಲೇ ನಡೆಸುತ್ತಿದ್ದರು. ಬಡವರಿಗೆ ಅಕ್ಷರ ಕಲಿಸುವುದು ಇದರ ಮೂಲ ಉದ್ದೇಶ. ಜತೆಗೆ ಮಕ್ಕಳನ್ನು ಮಾಧ್ಯಮಿಕ ಶಾಲೆಯ ಪ್ರವೇಶ ಪರೀಕ್ಷೆಗೆ ಸಜ್ಜು ಮಾಡುವ ತರಗತಿಗಳೂ ನಡೆಯುತ್ತಿದ್ದವು. ಆಂತೊನಿಯೆತಾ ಸಾಯುವವರೆಗೂ ಶಾಲೆ ಬಿಡಲಿಲ್ಲ. ಅವರ ನಂತರ ಸಹೋದರಿ ಲಿಯೊನೊರ್, ಅವರೂ ಶಿಕ್ಷಕಿ, 1964ರವರೆಗೆ ಮುಂದುವರಿಸಿದರು. ಅಲ್ಲಿಗೆ 42 ವರ್ಷ.

ಆ ಪ್ರವೇಶ ಪರೀಕ್ಷೆಗೆ ಅಷ್ಟೊಂದು ಮಹತ್ವ ಯಾಕೆ?

ಬಡ ಮಕ್ಕಳ ಓದು ನಿಂತುಹೋಗುತ್ತಿದ್ದದ್ದು ಅಲ್ಲೇ. ಪ್ರಾಥಮಿಕ ಶಾಲೆ ಮುಗಿಸಿದ ಮಗು ನೇರವಾಗಿ ಜಿನಾಸಿಯೊ ಎಂಬ ಮಾಧ್ಯಮಿಕ ಶಾಲೆಗೆ ಹೋಗುವಂತಿರಲಿಲ್ಲ. 1931ರ ಶಿಕ್ಷಣ ಸುಧಾರಣೆಯ ನಂತರ ದೇಶದೆಲ್ಲೆಡೆ ಒಂದೇ ಬಗೆಯ ಪ್ರವೇಶ ಪರೀಕ್ಷೆ ಕಡ್ಡಾಯವಾಯಿತು. ಪೋರ್ಚುಗೀಸಿನಲ್ಲಿ ಉಕ್ತಲೇಖನ ಮತ್ತು ಪ್ರಬಂಧ, ಅಂಕಗಣಿತ, ಮೇಲೆ ಭೂಗೋಳ, ಬ್ರೆಜಿಲ್ ಇತಿಹಾಸ, ವಿಜ್ಞಾನದ ಮೌಖಿಕ ಪ್ರಶ್ನೆಗಳು. ಕುಳಿತವರು ಹತ್ತು ಹನ್ನೊಂದು ವರ್ಷದ ಮಕ್ಕಳು.

ಉಕ್ತಲೇಖನದಲ್ಲೇ ಹೆಚ್ಚಿನವರು ಬೀಳುತ್ತಿದ್ದರು. ಮನೆಯಲ್ಲಿ ಆಡುವ ಮಾತಿಗೂ ಪುಸ್ತಕದ ಪೋರ್ಚುಗೀಸಿಗೂ ದೂರ ಜಾಸ್ತಿ; ಆಗಿನ ಕಾಗುಣಿತವೋ ಇಂದಿಗಿಂತ ಜಟಿಲ, ಉಚ್ಚರಿಸದ ಜೋಡಿ ಅಕ್ಷರಗಳು ಬೇಕಾದಷ್ಟು. ಉಳ್ಳವರ ಮಕ್ಕಳಿಗೆ ಮನೆಪಾಠದ ಮೇಷ್ಟ್ರು ಇರುತ್ತಿದ್ದರು. ಇಲ್ಲದವರ ಮಕ್ಕಳು ಅಲ್ಲಿಗೇ ಓದು ಬಿಟ್ಟು ದುಡಿಮೆಗೆ ಇಳಿಯುತ್ತಿದ್ದರು. ಆಂತೊನಿಯೆತಾ ಅವರ ಪಾಠಶಾಲೆ ತುಂಬಿದ್ದು ಈ ಕಂದರವನ್ನು. ಬ್ರೆಜಿಲ್ ಈ ಪರೀಕ್ಷೆಯನ್ನು ಕೈಬಿಟ್ಟದ್ದು 1971ರ ಶಿಕ್ಷಣ ಕಾಯ್ದೆಯಲ್ಲಿ.

ಮುಂದೆ ಅವರು ತಾವೇ ಓದಿದ ಎಸ್ಕೋಲಾ ನೊರ್ಮಾಲ್‌ನಲ್ಲಿ ಪೋರ್ಚುಗೀಸ್ ಮತ್ತು ಮನಶ್ಶಾಸ್ತ್ರ ಕಲಿಸಿದರು, ನಗರದ ಶಿಕ್ಷಕ ತರಬೇತಿ ಸಂಸ್ಥೆಯ ನಿರ್ದೇಶಕಿಯೂ ಆದರು. ಉಳ್ಳವರ ಹೆಣ್ಣುಮಕ್ಕಳು ಓದುವ ಕೊರಾಸಾವ್ ದೆ ಜೆಸುಸ್ ಶಾಲೆಯಲ್ಲೂ ಪಾಠ ಮಾಡಿದರು. ಒಂದು ಕಡೆ ಆಳುವವರ ಮಕ್ಕಳಿಗೆ ವ್ಯಾಕರಣ, ಇನ್ನೊಂದು ಕಡೆ ಅವರ ಮನೆಯ ಬಟ್ಟೆ ಒಗೆಯುವವರ ಮಕ್ಕಳಿಗೆ ಅದೇ ವ್ಯಾಕರಣ.

ಪತ್ರಿಕೆಯಲ್ಲಿ ಏನು ಬರೆಯುತ್ತಿದ್ದರು? ‘ಮಾರಿಯಾ ದ ಇಲ್ಯಾ’ ಅವರೇ ಏನು?

ಹೌದು, ಅವರೇ. ‘ದ್ವೀಪದ ಮಾರಿಯಾ’ ಎಂಬ ಅರ್ಥದ ಈ ಕಾವ್ಯನಾಮದಲ್ಲಿ ಬರೆಯುತ್ತಿದ್ದರು. 1922ರಲ್ಲಿ ‘ಆ ಸೆಮಾನಾ’ ಎಂಬ ಪತ್ರಿಕೆಯನ್ನು ಸ್ಥಾಪಿಸಿ 1927ರವರೆಗೆ ನಡೆಸಿದರು. 1930ರಲ್ಲಿ ‘ವಿದಾ ಇಲ್ಯೋವಾ’ ನಿಯತಕಾಲಿಕದ ಹೊಣೆ ಹೊತ್ತರು. ‘ರೆಪೂಬ್ಲಿಕಾ’, ‘ಓ ಎಸ್ತಾದೊ’ ಪತ್ರಿಕೆಗಳಿಗೂ ಅಂಕಣ ಬರೆದರು.

ವಿಷಯ ಬಹುಪಾಲು ಶಿಕ್ಷಣ, ಹೆಣ್ಣುಮಕ್ಕಳ ಸ್ಥಿತಿ, ರಾಜಕಾರಣಿಗಳ ನಡತೆ. ಹೆಣ್ಣನ್ನು ಅಲಂಕಾರದ ವಸ್ತುವಿನಂತೆ ಬೆಳೆಸುವುದನ್ನು, ಮದುವೆಯ ಆಚೆಗೆ ಅವಳ ಬದುಕನ್ನು ಯೋಚಿಸದಿರುವುದನ್ನು ಮತ್ತೆ ಮತ್ತೆ ಟೀಕಿಸಿದರು. ಶೈಲಿಯಲ್ಲಿ ಬೋಧನೆಯ ಧಾಟಿ ಇದೆ, ಕ್ರೈಸ್ತ ನೀತಿಯ ನೆರಳು ದಟ್ಟವಾಗಿದೆ. ಇಂದಿನ ಹೋರಾಟಗಾರ್ತಿಯ ಭಾಷೆ ಹುಡುಕಿಕೊಂಡು ಹೋದವರಿಗೆ ಸಪ್ಪೆ ಎನಿಸೀತು. ತಾಳ್ಮೆಯಿಂದ ಹತ್ತು ಲೇಖನ ಓದಿದರೆ ಒಳಗಿನ ಬಿಸಿ ತಟ್ಟುತ್ತದೆ.

ಬ್ರೆಜಿಲ್‌ನ ಮಹಿಳಾ ಮತದಾನ ಚಳವಳಿಯ ಮುಂದಾಳು ಬರ್ತಾ ಲುಟ್ಸ್ ಅವರೊಂದಿಗೆ ಪತ್ರವ್ಯವಹಾರವೂ ಇತ್ತು.

ಪುಸ್ತಕ ಬರೆದಿದ್ದಾರೆಯೇ?

ಒಂದೇ ಒಂದು. ಅಂಕಣಗಳನ್ನು ಆಯ್ದು 1937ರಲ್ಲಿ ‘ಫಹಾಪೊಸ್ ದೆ ಇದೇಯಾಸ್’ ಎಂಬ ಹೆಸರಲ್ಲಿ ತಂದರು. ‘ಯೋಚನೆಗಳ ಚಿಂದಿಗಳು’ ಎನ್ನಬಹುದು. ಮಾರಾಟದ ಹಣವನ್ನು ಕುಷ್ಠರೋಗಿಗಳ ಮಕ್ಕಳಿಗಾಗಿ ಕಟ್ಟಬೇಕಿದ್ದ ಆಶ್ರಯಧಾಮಕ್ಕೆ ಮೀಸಲಿಟ್ಟರು. ಆಗ ಕುಷ್ಠರೋಗಿಗಳನ್ನು ಊರಾಚೆಯ ಕಾಲೊನಿಗೆ ಸಾಗಿಸಿ, ಮಕ್ಕಳನ್ನು ಅವರಿಂದ ಬೇರ್ಪಡಿಸಿ ಬೇರೆ ಕಡೆ ಇಡುವ ಸರ್ಕಾರಿ ಪದ್ಧತಿ ಇತ್ತು. ಇಂದು ನೋಡಿದರೆ ಕ್ರೂರ ಪದ್ಧತಿ. ಹಾಗೆ ಬೇರಾದ ಮಕ್ಕಳಿಗೆ ಸೂರು ಬೇಕಿತ್ತು, ಅದಕ್ಕೆ ಹಣ ಬೇಕಿತ್ತು.

ಶಾಸಕಿಯಾದದ್ದು ಹೇಗೆ?

1932ರ ಫೆಬ್ರವರಿ 24ರ ಚುನಾವಣಾ ಸಂಹಿತೆ ಮೂರು ದೊಡ್ಡ ಬದಲಾವಣೆ ತಂದಿತು: ಹೆಂಗಸರಿಗೆ ಮತ, ಗುಪ್ತ ಮತದಾನ, ಚುನಾವಣೆ ನಡೆಸಲು ಪ್ರತ್ಯೇಕ ನ್ಯಾಯಾಂಗ ವ್ಯವಸ್ಥೆ. 1934ರ ಅಕ್ಟೋಬರ್ 14ರಂದು ರಾಜ್ಯಗಳ ಸಂವಿಧಾನ ರಚನಾ ಸಭೆಗಳಿಗೆ ಚುನಾವಣೆ ನಡೆಯಿತು. ಆಂತೊನಿಯೆತಾ ಸಾಂತಾ ಕತರೀನಾದ ಲಿಬರಲ್ ಪಕ್ಷದಿಂದ ಸ್ಪರ್ಧಿಸಿದರು. 1935ರಲ್ಲಿ ಸದನದಲ್ಲಿ ಸ್ಥಾನ ತೆಗೆದುಕೊಂಡರು. ಆ ರಾಜ್ಯದ ಶಾಸನಸಭೆಗೆ ಕಾಲಿಟ್ಟ ಮೊದಲ ಹೆಣ್ಣುಮಗಳು ಅವರೇ.

‘ಬ್ರೆಜಿಲ್‌ನ ಮೊದಲ ಮಹಿಳಾ ಶಾಸಕಿ’ ಎಂದು ಕೆಲವೆಡೆ ಬರೆದಿರುತ್ತಾರೆ. ಸರಿಯೇ?

ಅಲ್ಲ. ಅದೇ 1934ರ ಚುನಾವಣೆಯಲ್ಲಿ ಬೇರೆ ರಾಜ್ಯಗಳಿಂದಲೂ ಹೆಂಗಸರು ಗೆದ್ದಿದ್ದರು, ಅಲಾಗೋವಾಸ್ ರಾಜ್ಯದ ಲಿಲಿ ಲಾಜೆಸ್ ಹಾಗೆ. ರಾಷ್ಟ್ರಮಟ್ಟದಲ್ಲಿ ವೈದ್ಯೆ ಕಾರ್ಲೊತಾ ಪೆರೇರಾ ದೆ ಕೆಯ್ರೋಸ್ 1933ರಲ್ಲೇ ಆಯ್ಕೆಯಾಗಿದ್ದರು. ಆಂತೊನಿಯೆತಾ ಅವರಿಗೆ ಸಲ್ಲಬೇಕಾದ ಮಾತು ‘ಬ್ರೆಜಿಲ್‌ನ ಮೊದಲ ಕಪ್ಪು ಮಹಿಳಾ ಶಾಸಕಿ’ ಎಂಬುದು. ಬರೆಯುವಾಗ ‘ಕಪ್ಪು’ ಎಂಬ ಪದ ಬಿಟ್ಟುಹೋದರೆ ವಾಕ್ಯ ತಪ್ಪಾಗುತ್ತದೆ, ಅವರ ಸಾಧನೆಯ ತಿರುಳೂ ಕಳಚಿಹೋಗುತ್ತದೆ.

ಕಪ್ಪು ಕಾರ್ಮಿಕ ನಾಯಕಿ ಅಲ್ಮೆರಿಂದಾ ಗಾಮಾ ಅವರ ಜತೆಗೂ ಗೊಂದಲವಾಗುವುದುಂಟು. ಅವರು 1933ರಲ್ಲಿ ಕಾರ್ಮಿಕ ಸಂಘದ ಪ್ರತಿನಿಧಿಯಾಗಿ, ಸಂಸತ್ತಿನಲ್ಲಿ ವೃತ್ತಿವರ್ಗಗಳ ಪರವಾಗಿ ಕೂರುವ ಪ್ರತಿನಿಧಿಗಳನ್ನು ಆರಿಸಲು ಮತ ಹಾಕಿದವರು. ಮತಪೆಟ್ಟಿಗೆಯ ಮುಂದೆ ನಿಂತ ಅವರ ಚಿತ್ರಕ್ಕೆ ಆಂತೊನಿಯೆತಾ ಹೆಸರು ಅಂಟಿಸಬೇಡಿ.

ಸದನದಲ್ಲಿ ಮಾಡಿದ ಕೆಲಸ ಏನು?

ರಾಜ್ಯದ 1935ರ ಸಂವಿಧಾನ ಸಿದ್ಧವಾಗುವಾಗ ಶಿಕ್ಷಣ ಮತ್ತು ಸಂಸ್ಕೃತಿ, ಸರ್ಕಾರಿ ನೌಕರಿ ಈ ಅಧ್ಯಾಯಗಳ ವರದಿಯನ್ನು ಸದನಕ್ಕೆ ಸಿದ್ಧಪಡಿಸುವ ಹೊಣೆ ಅವರದ್ದಾಗಿತ್ತು. ಅವರು ಒತ್ತಾಯಿಸಿದ ಎರಡು ವಿಷಯಗಳನ್ನು ನೆನಪಿಡಬೇಕು. ಒಂದು, ಶಿಕ್ಷಕರ ನೇಮಕ ಸ್ಪರ್ಧಾತ್ಮಕ ಪರೀಕ್ಷೆಯ ಮೂಲಕ ನಡೆಯಬೇಕು. ಎರಡು, ಮುಂದೆ ಓದಲು ಅನುಕೂಲ ಇಲ್ಲದ ಬಡ ವಿದ್ಯಾರ್ಥಿಗಳಿಗೆ ವಿದ್ಯಾರ್ಥಿವೇತನ ಬೇಕು.

ಮೊದಲನೆಯದರ ತೂಕ ತಿಳಿಯಬೇಕಾದರೆ ಆಗಿನ ನೇಮಕಾತಿ ಹೇಗಿತ್ತು ನೋಡಬೇಕು. ಊರಿನ ರಾಜಕೀಯ ಮುಖಂಡ ಹೇಳಿದವರಿಗೆ ಶಾಲೆಯ ಕೆಲಸ. ಸರ್ಕಾರ ಬದಲಾದರೆ ಶಿಕ್ಷಕಿಗೆ ದೂರದ ಊರಿಗೆ ವರ್ಗ. ಪರೀಕ್ಷೆಯ ಅಂಕದಿಂದ ನೇಮಕವಾದರೆ ಮುಖಂಡನ ಹಂಗಿಲ್ಲ. ಅದರ ಲಾಭ ಹೆಚ್ಚು ಸಿಗುವುದು ಹಿಂದೆ ಯಾರ ಬೆಂಬಲವೂ ಇಲ್ಲದವರಿಗೆ, ಅಂದರೆ ತಮ್ಮಂಥವರಿಗೆ ಎಂದು ಆಂತೊನಿಯೆತಾಗೆ ಗೊತ್ತಿತ್ತು.

1937ರಲ್ಲಿ ಏನಾಯಿತು?

ನವೆಂಬರ್ 10ರಂದು ಅಧ್ಯಕ್ಷ ಗೆತೂಲಿಯೊ ವರ್ಗಾಸ್ ಸರ್ವಾಧಿಕಾರ ಘೋಷಿಸಿ ಸಂಸತ್ತು, ರಾಜ್ಯಗಳ ಸದನಗಳು ಎಲ್ಲಕ್ಕೂ ಬೀಗ ಹಾಕಿದರು. ಆಂತೊನಿಯೆತಾ ಅವರ ಅವಧಿ ಅಲ್ಲಿಗೆ ಮುಗಿಯಿತು. ಶಾಲೆಯ ಕೆಲಸ ನಿಲ್ಲಲಿಲ್ಲ. 1945ರಲ್ಲಿ ವರ್ಗಾಸ್ ಇಳಿದ ಮೇಲೆ, 1947ರ ಚುನಾವಣೆಯಲ್ಲಿ ಪಿಎಸ್‌ಡಿ (ಸೋಷಿಯಲ್ ಡೆಮಾಕ್ರಟಿಕ್) ಪಕ್ಷದಿಂದ ನಿಂತು ಬದಲಿ ಸದಸ್ಯೆಯ ಪಟ್ಟಿಗೆ ಬಂದರು. ಮುಂದೆ ಸ್ಥಾನ ತೆರವಾದಾಗ ಒಳಗೆ ಹೋಗಿ 1951ರವರೆಗೆ ಇದ್ದರು. ಪಕ್ಷದ ಪಟ್ಟಿಯಲ್ಲಿ ಗೆದ್ದವರ ನಂತರದ ಸ್ಥಾನದಲ್ಲಿರುವವರು ಹೀಗೆ ಬದಲಿಯಾಗಿ ಹೋಗುವುದು ಬ್ರೆಜಿಲ್‌ನಲ್ಲಿ ಈಗಲೂ ಇರುವ ಕ್ರಮ. ನಮ್ಮ ಉಪಚುನಾವಣೆ ಪದ್ಧತಿಗೆ ಒಗ್ಗಿದವರಿಗೆ ವಿಚಿತ್ರ ಅನಿಸಬಹುದು, ಅಷ್ಟೆ.

ಶಿಕ್ಷಕರ ದಿನ ನಿಜಕ್ಕೂ ಅವರದ್ದೇ ಕೊಡುಗೆಯೇ?

ಇದನ್ನು ಹಂತಹಂತವಾಗಿ ಬಿಡಿಸಬೇಕು, ಯಾಕೆಂದರೆ ಮೂರು ಬೇರೆ ಬೇರೆ ದಿನಾಂಕಗಳನ್ನು ಜನ ಕಲಸಿಬಿಡುತ್ತಾರೆ.

ಅಕ್ಟೋಬರ್ 15 ಎಂಬ ದಿನ ಬಂದದ್ದು 1827ರಿಂದ. ಅಂದು ಚಕ್ರವರ್ತಿ ಒಂದನೇ ಪೆದ್ರೊ, ಊರು ಪಟ್ಟಣಗಳಲ್ಲೆಲ್ಲ ಅಕ್ಷರಶಾಲೆ ತೆರೆಯಬೇಕೆಂಬ ಕಾನೂನಿಗೆ ಸಹಿ ಮಾಡಿದರು. ಶಿಕ್ಷಕರ ಸಂಬಳ ವರ್ಷಕ್ಕೆ 200 ಸಾವಿರದಿಂದ 500 ಸಾವಿರ ರೇಯ್ಸ್ (ಆಗಿನ ನಾಣ್ಯ), ಶಿಕ್ಷಕಿಯರಿಗೂ ಅಷ್ಟೇ ಎಂದು ಅದರಲ್ಲಿತ್ತು. ಆದರೆ ಹುಡುಗಿಯರಿಗೆ ರೇಖಾಗಣಿತ ಬೇಡ, ನಾಲ್ಕು ಮೂಲ ಲೆಕ್ಕಗಳು ಮತ್ತು ಮನೆವಾರ್ತೆಗೆ ಬೇಕಾದ ಕೈಕೆಲಸ ಸಾಕು ಎಂದೂ ಇತ್ತು. ಗುಲಾಮರು ಅಂದಿನ ಸಂವಿಧಾನದ ಪ್ರಕಾರ ಪ್ರಜೆಗಳೇ ಅಲ್ಲವಾದ್ದರಿಂದ ಲೆಕ್ಕಕ್ಕೇ ಇರಲಿಲ್ಲ. ಈ ಕಾನೂನು ಸೂಚಿಸಿದ ಕಲಿಕೆಯ ಕ್ರಮ ‘ಪರಸ್ಪರ ಬೋಧನೆ’: ದೊಡ್ಡ ಮಕ್ಕಳು ಚಿಕ್ಕವರಿಗೆ ಕಲಿಸುವುದು. ಯುರೋಪಿನಲ್ಲಿ ಇದನ್ನು ಪ್ರಚಾರ ಮಾಡಿದ ಇಬ್ಬರಲ್ಲಿ ಒಬ್ಬರಾದ ಆಂಡ್ರ್ಯೂ ಬೆಲ್ ಅದನ್ನು ರೂಪಿಸಿದ್ದು ಮದರಾಸಿನ ಎಗ್ಮೋರಿನ ಅನಾಥಾಲಯದಲ್ಲಿ, ಇಲ್ಲಿನ ಮಕ್ಕಳು ಮರಳ ಮೇಲೆ ಬೆರಳಿನಿಂದ ಅಕ್ಷರ ತಿದ್ದುವುದನ್ನು ಕಂಡು. ನಮ್ಮ ಕೂಲಿಮಠಗಳಲ್ಲಿ ತಲೆಮಾರುಗಟ್ಟಲೆ ನಡೆದ ಆ ತಿದ್ದುವಿಕೆ ಮದರಾಸು, ಲಂಡನ್ ಹಾದು ಬ್ರೆಜಿಲ್‌ನ ಕಾನೂನಿನ ತನಕ ಹೋಯಿತು.

ಎರಡನೆಯದು 1940ರ ದಶಕ. 1947ರಲ್ಲಿ ಸಾವೊ ಪಾವ್ಲೊ ನಗರದ ಶಾಲೆಯೊಂದರಲ್ಲಿ ಸಾಲೊಮಾವ್ ಬೆಕರ್ ಮತ್ತು ಸಂಗಡಿಗ ಶಿಕ್ಷಕರು ಅಕ್ಟೋಬರ್ 15ನ್ನು ತಮ್ಮ ದಿನವಾಗಿ ಆಚರಿಸಿದರು. ಮರುವರ್ಷ ಸಾಂತಾ ಕತರೀನಾದಲ್ಲಿ ಆಂತೊನಿಯೆತಾ ಮಂಡಿಸಿದ ಮಸೂದೆ 1948ರ ಅಕ್ಟೋಬರ್ 12ರಂದು 145ನೇ ಕಾನೂನಾಯಿತು. ಅಕ್ಟೋಬರ್ 15 ರಾಜ್ಯದಲ್ಲಿ ಶಿಕ್ಷಕರ ದಿನ, ಶಾಲೆಗಳಿಗೆ ರಜೆ.

ಮೂರನೆಯದು 1963ರ ಅಕ್ಟೋಬರ್ 14. ಅಧ್ಯಕ್ಷ ಜೊವಾವ್ ಗುಲಾರ್ಟ್ ಅವರ 52,682ನೇ ಆದೇಶದಿಂದ ಇಡೀ ದೇಶಕ್ಕೆ ಅದೇ ದಿನ ಅನ್ವಯವಾಯಿತು. ಆಗ ಆಂತೊನಿಯೆತಾ ತೀರಿಕೊಂಡು 11 ವರ್ಷ.

ಹಾಗಾಗಿ ‘ಶಿಕ್ಷಕರ ದಿನವನ್ನು ಕಂಡುಹಿಡಿದವರು’ ಎನ್ನುವುದಕ್ಕಿಂತ ‘ರಾಜ್ಯ ಕಾನೂನಿನ ಮೂಲಕ ಅದಕ್ಕೆ ಅಡಿಪಾಯ ಹಾಕಿದವರು’ ಎನ್ನುವುದು ನಿಖರ.

ರಾಮೋಸ್ ಮನೆತನದ ಬೆಂಬಲದಿಂದ ಮೇಲೆ ಬಂದರು ಎನ್ನುತ್ತಾರಲ್ಲ?

ಬೆಂಬಲ ಇತ್ತು, ಅದನ್ನು ಮುಚ್ಚಿಡುವ ಅಗತ್ಯವಿಲ್ಲ. ತಾಯಿ ಕತರೀನಾ ವಿದಾಲ್ ರಾಮೋಸ್ ಮನೆಯಲ್ಲಿ ಕೆಲಸಕ್ಕಿದ್ದರು. ವಿದಾಲ್ ಅವರ ಮಗ ನೆರೆವು ರಾಮೋಸ್ ಆಂತೊನಿಯೆತಾ ಇದ್ದ ಪಕ್ಷದ ನಾಯಕ; 1935ರಿಂದ ರಾಜ್ಯಪಾಲ, ಸರ್ವಾಧಿಕಾರದ ಕಾಲದಲ್ಲೂ 1945ರವರೆಗೆ ರಾಜ್ಯದ ಆಡಳಿತಗಾರ. ಅದೇ ಆಡಳಿತ ಜರ್ಮನ್ ವಲಸಿಗರ ಭಾಷಾಶಾಲೆಗಳನ್ನು ಮುಚ್ಚಿಸಿತು. ಅಂಥ ಆಡಳಿತದ ಕೆಳಗೆ ಆಂತೊನಿಯೆತಾ ಸರ್ಕಾರಿ ಸಂಸ್ಥೆಯಲ್ಲಿ ಹುದ್ದೆಯಲ್ಲಿದ್ದರು.

ಇದರಿಂದ ಅವರ ಕೆಲಸದ ಬೆಲೆ ಕಡಿಮೆಯಾಗುತ್ತದೆ ಎಂದು ನಾವು ಒಪ್ಪುವುದಿಲ್ಲ. ಪಕ್ಷದ ಟಿಕೆಟ್ ಹಂಚುತ್ತಿದ್ದದ್ದೇ ನಾಲ್ಕಾರು ಮನೆತನಗಳು. ಬಿಳಿಯ ಗಂಡಸರೂ ಅದೇ ಬಾಗಿಲಿನಿಂದ ಒಳಗೆ ಹೋದವರು. ಅವರಿಗೆ ಮಾತ್ರ ಈ ಪ್ರಶ್ನೆ ಯಾರೂ ಕೇಳುವುದಿಲ್ಲ.

ಜನಾಂಗಭೇದದ ಬಗ್ಗೆ ನೇರವಾಗಿ ಮಾತಾಡಿದ್ದಾರೆಯೇ?

ಅಂಕಣಗಳಲ್ಲಿ ಅಪರೂಪ. ಶಿಕ್ಷಣ, ಹೆಣ್ಣು ಎಂದು ಬರೆದಷ್ಟು ಬಣ್ಣದ ಬಗ್ಗೆ ಬರೆಯಲಿಲ್ಲ. ಬಿಳಿಯರೇ ಹೆಚ್ಚಿರುವ ರಾಜ್ಯದಲ್ಲಿ, ಸಂಪಾದಕರೂ ಓದುಗರೂ ಬಿಳಿಯರೇ ಆಗಿರುವ ಪತ್ರಿಕೆಗಳಲ್ಲಿ ಬರೆಯುತ್ತಿದ್ದ ಒಬ್ಬಂಟಿ ಕಪ್ಪು ಮಹಿಳೆ ಎಂಬುದನ್ನು ಮರೆಯಬಾರದು.

ಆದರೆ 1951ರ ಒಂದು ಪ್ರಸಂಗ ಇದೆ. ಶಿಕ್ಷಣದ ಕುರಿತ ವಾಗ್ವಾದದಲ್ಲಿ ಇತಿಹಾಸಕಾರ, ರಾಜಕಾರಣಿ ಓಸ್ವಾಲ್ದೊ ರೊದ್ರಿಗೆಸ್ ಕಬ್ರಾಲ್ ಅವರು ಆಂತೊನಿಯೆತಾ ಬರಹವನ್ನು ಗುಲಾಮರ ಬಿಡಾರದ ಅಗ್ಗದ ಚಾಡಿ ಎಂಬರ್ಥದ ಮಾತಿನಿಂದ ಹೀಗಳೆದರು. ಅಷ್ಟು ಹೊತ್ತಿಗೆ ಆಂತೊನಿಯೆತಾ ಸುಮಾರು ಮೂವತ್ತು ವರ್ಷ ಪಾಠ ಮಾಡಿ, ಎರಡು ಬಾರಿ ಸದನದಲ್ಲಿ ಕೂತಿದ್ದರು. ಆದರೂ ಕಬ್ರಾಲ್ ಬಾಯಿಗೆ ಬಂದದ್ದು ಅವರ ಅಮ್ಮನ ಗುಲಾಮಗಿರಿ. ಆಂತೊನಿಯೆತಾ ಪತ್ರಿಕೆಯಲ್ಲೇ ಉತ್ತರ ಕೊಟ್ಟರು, ತಾನು ಕಪ್ಪು ಮಹಿಳೆ ಎಂಬುದನ್ನು ತಗ್ಗಿಸದೆ, ಮರೆಸದೆ.

ಕೊನೆಯ ದಿನಗಳು?

ಮದುವೆಯಾಗಲಿಲ್ಲ. 1952ರ ಮಾರ್ಚ್ 28ರಂದು, 50ನೇ ವಯಸ್ಸಿನಲ್ಲಿ, ಸಕ್ಕರೆ ಕಾಯಿಲೆ ಉಲ್ಬಣಿಸಿ ಫ್ಲೋರಿಯಾನೊಪೊಲಿಸ್‌ನಲ್ಲೇ ತೀರಿಕೊಂಡರು.

ಇಷ್ಟು ವರ್ಷ ದೇಶಕ್ಕೆ ಪರಿಚಯ ಇರಲಿಲ್ಲ, ಈಗ ಯಾಕೆ ಎಲ್ಲೆಡೆ ಹೆಸರು ಕೇಳಿಬರುತ್ತಿದೆ?

2003ರ ಜನವರಿಯಲ್ಲಿ ಬಂದ 10,639ನೇ ಕಾನೂನು ಶಾಲೆಗಳಲ್ಲಿ ಆಫ್ರಿಕನ್ ಮತ್ತು ಆಫ್ರೋ-ಬ್ರೆಜಿಲಿಯನ್ ಇತಿಹಾಸದ ಪಾಠವನ್ನು ಕಡ್ಡಾಯ ಮಾಡಿತು. ಪಾಠ ಮಾಡಲು ಶಿಕ್ಷಕರಿಗೆ ಹೆಸರುಗಳು ಬೇಕಾದವು. ಹಳೆ ಪತ್ರಿಕೆಗಳ ಕಟ್ಟು ಬಿಚ್ಚಿದರು. ವಿಶ್ವವಿದ್ಯಾಲಯಗಳ ಸಂಶೋಧಕಿಯರು, ಕಪ್ಪು ಮಹಿಳಾ ಸಂಘಟನೆಗಳು ದಶಕಗಳಿಂದ ಮಾಡಿದ್ದ ಕೆಲಸ ಆಗ ಶಾಲೆಯ ಗೋಡೆಗೆ ಬಂತು. 2023ರ ಜನವರಿಯಲ್ಲಿ 14,518ನೇ ಕಾನೂನಿನ ಮೂಲಕ ಅವರ ಹೆಸರು ಬ್ರಸೀಲಿಯಾದ ಸ್ಮಾರಕಭವನದಲ್ಲಿರುವ ‘ರಾಷ್ಟ್ರದ ವೀರರ, ವೀರಮಹಿಳೆಯರ ಪುಸ್ತಕ’ಕ್ಕೆ ಸೇರಿತು. ಆ ಪುಸ್ತಕದ ಹಾಳೆಗಳು ಉಕ್ಕಿನವು.

ಅವರ ಬರಹವನ್ನು ಮೂಲದಲ್ಲಿ ಓದಬೇಕು. ಎಲ್ಲಿ ಸಿಗುತ್ತದೆ?

ಬ್ರೆಜಿಲ್ ರಾಷ್ಟ್ರೀಯ ಗ್ರಂಥಾಲಯದ ಡಿಜಿಟಲ್ ಪತ್ರಿಕಾಗಾರ ಮತ್ತು ಸಾಂತಾ ಕತರೀನಾದ ಡಿಜಿಟಲ್ ಪತ್ರಿಕಾಗಾರ, ಎರಡೂ ಉಚಿತ. ಮೊದಲು ಪತ್ರಿಕೆಯ ಹೆಸರು ಆರಿಸಿ, ಆಮೇಲೆ ವರ್ಷ, ಆಮೇಲೆ ಪದ. ನೇರವಾಗಿ ಲೇಖಕಿಯ ಹೆಸರು ಹಾಕಿದರೆ ಹೆಚ್ಚೇನೂ ಬರುವುದಿಲ್ಲ, ಕಾರಣ ಅಂಕಣದ ಕೆಳಗೆ ಇರುವುದು ‘ಮಾರಿಯಾ ದ ಇಲ್ಯಾ’.

ಹುಡುಕಾಟ ಕೈಕೊಡುವುದಕ್ಕೆ ಇನ್ನೂ ಎರಡು ಕಾರಣ ಇವೆ. 1943ಕ್ಕೆ ಮೊದಲು ಕಾಗುಣಿತ ಬೇರೆ. ‘ಇದೇಯಾಸ್’ ಪದದಲ್ಲೇ ಅಂದು ಒಂದು ಸ್ವರಾಕ್ಷರ ಕಡಿಮೆ ಬರೆಯುತ್ತಿದ್ದರು. ಹಳೆಯ, ಹೊಸ ಎರಡೂ ರೂಪ ಹಾಕಿ ನೋಡಿ. ಎರಡನೆಯದು, ಮಾಸಿದ ಮುದ್ರಣವನ್ನು ಯಂತ್ರ ತಪ್ಪಾಗಿ ಓದಿರುತ್ತದೆ. ಫಲಿತಾಂಶ ಬಾರದಿದ್ದರೆ ‘ಇಲ್ಲ’ ಎಂದುಕೊಳ್ಳಬೇಡಿ. 1930ರ ದಶಕದ ‘ರೆಪೂಬ್ಲಿಕಾ’ ಸಂಚಿಕೆಗಳನ್ನು ಪುಟ ಪುಟವಾಗಿ ಕಣ್ಣಾಡಿಸುವುದೇ ಕೊನೆಗೆ ನಂಬಿಕಸ್ಥ ದಾರಿ.

ಅಂತರ್ಜಾಲದ ಬರಹಗಳಲ್ಲಿ ಸಾಮಾನ್ಯವಾಗಿ ಕಾಣುವ ತಪ್ಪು ಯಾವುವು?

‘ದೆಸ್ತೆರೊ ನಗರದಲ್ಲಿ ಹುಟ್ಟಿದರು’ ಎಂಬುದು ಒಂದು. ದೆಸ್ತೆರೊ ಎಂಬ ಹೆಸರು 1894ರಲ್ಲೇ ಫ್ಲೋರಿಯಾನೊಪೊಲಿಸ್ ಆಗಿತ್ತು. ‘ಗುಲಾಮಳಾಗಿ ಹುಟ್ಟಿದರು’ ಎಂಬುದು ಇನ್ನೂ ದೊಡ್ಡ ತಪ್ಪು. ಗುಲಾಮಗಿರಿಯಲ್ಲಿ ಇದ್ದವರು ತಾಯಿ. 1948ರ ರಾಜ್ಯ ಕಾನೂನನ್ನು ರಾಷ್ಟ್ರೀಯ ಕಾನೂನು ಎನ್ನುವುದು ಮೂರನೆಯದು.

ನಮ್ಮ ಶಾಲೆಯಲ್ಲಿ ಒಂದು ಅವಧಿಯಲ್ಲಿ ಈ ಪಾಠ ಮಾಡಬಹುದೇ?

45 ನಿಮಿಷ ಸಾಕು. ಮೊದಲ ಹತ್ತು ನಿಮಿಷ ನಕ್ಷೆ ಮತ್ತು ಬೋರ್ಡಿನ ಮೇಲೆ ಏಳು ಇಸವಿ: 1881, 1888, 1901, 1922, 1932, 1948, 1985. ನಂತರ 20 ಮಕ್ಕಳನ್ನು ಮುಂದೆ ನಿಲ್ಲಿಸಿ, ಹತ್ತು ಹುಡುಗಿಯರು, ಹತ್ತು ಹುಡುಗರು. ಎಲ್ಲರೂ 1920ರ ವಯಸ್ಕರು ಎಂದುಕೊಳ್ಳಿ. ‘ಹೆಂಗಸರಿಗೆ ಮತವಿಲ್ಲ’ ಎಂದಾಗ ಹತ್ತು ಜನ ಕೂರುತ್ತಾರೆ. ‘ಓದು ಬಾರದವರಿಗೆ ಮತವಿಲ್ಲ’ ಎಂದಾಗ ಉಳಿದ ಹತ್ತರಲ್ಲಿ ಆರು ಜನ ಕೂರುತ್ತಾರೆ. ನಿಂತವರು ನಾಲ್ಕು. ಈಗ 1932 ಎಂದು ಹೇಳಿ ಹುಡುಗಿಯರನ್ನು ಎಬ್ಬಿಸಿ, ಓದು ಬಾರದವರನ್ನು ಮತ್ತೆ ಕೂರಿಸಿ: 20ರಲ್ಲಿ ನಿಲ್ಲುವವರು ಏಳೇ. ಕೂತವರಲ್ಲಿ ಒಬ್ಬರಿಗೆ ಆಂತೊನಿಯೆತಾ ಓದಲು ಕಲಿಸಿದರೆ ಏನಾಗುತ್ತದೆ ಎಂದು ಕೇಳಿ. ಉತ್ತರ ಮಕ್ಕಳ ಬಾಯಿಂದಲೇ ಬರುತ್ತದೆ. ಲೆಕ್ಕ ದೇಶದ ಸರಾಸರಿಯದ್ದು, ಹೆಣ್ಣು ಗಂಡು, ಊರು ಹಳ್ಳಿ ಎಂದು ವ್ಯತ್ಯಾಸ ಇತ್ತು ಎಂಬುದನ್ನೂ ಹೇಳಿ.

ಒಂದು ಎಚ್ಚರಿಕೆ: ಛದ್ಮವೇಷ ಸ್ಪರ್ಧೆಗೆ ಮಗುವಿನ ಮುಖಕ್ಕೆ ಕಪ್ಪು ಬಳಿದು ಆಂತೊನಿಯೆತಾ ಮಾಡಬೇಡಿ. ಅಮೆರಿಕ ಖಂಡದುದ್ದಕ್ಕೂ ಕಪ್ಪು ಜನರನ್ನು ಗೇಲಿ ಮಾಡಲು ಬಿಳಿಯರು ರಂಗದ ಮೇಲೆ ಮಾಡುತ್ತಿದ್ದದ್ದು ಅದನ್ನೇ. ಬಿಳಿ ಕಾಲರಿನ ಉಡುಪು, ಕೈಯಲ್ಲೊಂದು ಪತ್ರಿಕೆ ಸಾಕು.

ಇನ್ನೊಂದು, ‘ಬಡ ಹುಡುಗಿ ಕಷ್ಟಪಟ್ಟು ಗೆದ್ದಳು’ ಎಂಬಲ್ಲಿಗೆ ಕಥೆ ನಿಲ್ಲದಿರಲಿ. ಯಾವ ಕಾನೂನು ಅವಳ ನೆರೆಹೊರೆಯವರನ್ನು ಹೊರಗಿಟ್ಟಿತ್ತು ಎಂಬುದೂ ಅಷ್ಟೇ ಮುಖ್ಯ.

ಫ್ಲೋರಿಯಾನೊಪೊಲಿಸ್‌ಗೆ ಹೋದರೆ ನೋಡುವುದಕ್ಕೆ ಏನಿದೆ?

ನಗರದ ಮಧ್ಯಭಾಗದಲ್ಲಿ ಬಹುಮಹಡಿ ಕಟ್ಟಡವೊಂದರ ಗೋಡೆಯ ಮೇಲೆ ಅವರ ದೊಡ್ಡ ಚಿತ್ರವಿದೆ. ಶಾಸನಸಭೆಯ ಸಭಾಂಗಣಕ್ಕೆ ಅವರ ಹೆಸರಿದೆ. ಕೇಂದ್ರ ಭಾಗದಿಂದ ದ್ವೀಪದ ದಕ್ಷಿಣಕ್ಕೆ ಹೋಗುವ ಹೆದ್ದಾರಿಯ ಸುರಂಗದ ಹೆಸರೂ ‘ಆಂತೊನಿಯೆತಾ ದೆ ಬಾರೋಸ್’. ಸುರಂಗದಲ್ಲಿ ಇಳಿದು ನೋಡುವಂಥದ್ದೇನೂ ಇಲ್ಲ, ಫಲಕ ಮಾತ್ರ. ಅಕ್ಟೋಬರ್ 15ರಂದು ಅಲ್ಲಿದ್ದರೆ ಶಾಲೆಗಳಿಗೆ ರಜೆ ಎಂಬುದು ನೆನಪಿರಲಿ, ಶಾಲೆಗಳಿಗೆ ಭೇಟಿ ಕೊಡುವುದಿದ್ದರೆ ಹಿಂದಿನ ದಿನವೇ ಹೋಗಿ. ಪರಿಚಯದ ಶಿಕ್ಷಕರು ಸಿಕ್ಕರೆ ‘ಫೆಲಿಸ್ ಜಿಯಾ ದೊಸ್ ಪ್ರೊಫೆಸೊರೆಸ್’ ಎಂದು ಹೇಳಿ. ಶಿಕ್ಷಕರ ದಿನದ ಶುಭಾಶಯ ಹೇಳುವುದು ಹಾಗೆ.